ಹೊಗಳಿಕೆ ಬೇಡ, ಬೀರು ತೆಗೆಯಿರಿ

ದಾವಣಗೆರೆ ಮತ್ತು ಚಿತ್ರದುರ್ಗ ಜಿಲ್ಲೆಗಳ ಶಾಲೆ, ಕಾಲೇಜು, ಆಸ್ಪತ್ರೆ, ಗ್ರಂಥಾಲಯ, ಸಹಕಾರ ಸಂಘ, ಮಠ, ಮಿಲ್ಲು, ಸರ್ಕಾರಿ ಕಚೇರಿ, ಒಟ್ಟಿನಲ್ಲಿ ಹಳೇ ಫೋಟೋ ಇರುವ ಎಲ್ಲ ಸಂಸ್ಥೆಗಳ ಮುಖ್ಯಸ್ಥರಿಗೆ,

ನಮಸ್ಕಾರ.

ಹೋದ ವರ್ಷ ಮಳೆಗಾಲದಲ್ಲಿ ನನಗೊಂದು ಫೋನ್ ಬಂತು. ‘ಸಾರ್, ವಿಕಿಪೀಡಿಯದಲ್ಲಿ ನಮ್ಮ ಸಂಸ್ಥೆ ಪೇಜ್ ಹಾಕಿದ್ವಿ. ಎರಡೇ ದಿನಕ್ಕೆ ತೆಗೆದುಬಿಟ್ಟಿದ್ದಾರೆ. ನೀವು ಅದರಲ್ಲಿ ಇದ್ದೀರಂತಲ್ಲ, ಸ್ವಲ್ಪ ಹೇಳಿ ವಾಪಸ್ ಹಾಕಿಸಿ’ ಅಂದರು. ಮಾತಿನಲ್ಲಿ ಸಿಟ್ಟೂ ಇತ್ತು, ಬೇಜಾರೂ ಇತ್ತು. ನಾನು ‘ಅದರಲ್ಲಿ ಇರುವುದು’ ಅಂದ್ರೆ ಇಷ್ಟೇ. ಕಾಲೇಜೊಂದರ ಲೈಬ್ರರಿಯಲ್ಲಿ ಕೆಲಸ ಮಾಡಿ ನಿವೃತ್ತನಾದೆ. ಈಗ ಸಂಜೆ ಹೊತ್ತು ಕನ್ನಡ ವಿಕಿಪೀಡಿಯದಲ್ಲಿ ಕೂತು ಕಾಗುಣಿತ ತಿದ್ದುತ್ತೇನೆ, ಉಲ್ಲೇಖ ಸೇರಿಸುತ್ತೇನೆ, ಫೋಟೋ ಹಾಕುತ್ತೇನೆ. ಸಂಬಳ ಇಲ್ಲ, ಅಧಿಕಾರವೂ ಇಲ್ಲ. ಯಾರ ಪುಟವನ್ನೂ ಅಳಿಸುವ ಬಟನ್ ನನ್ನ ಹತ್ತಿರ ಇಲ್ಲ.

ಆದರೂ ಹೋದೆ. ಅವರು ಹಾಕಿದ್ದ ಬರಹದ ಪ್ರತಿ ತರಿಸಿ ಓದಿದೆ. ಪ್ರಾಸ್ಪೆಕ್ಟಸ್‌ನ ನಾಲ್ಕು ಪುಟವನ್ನು ಹಾಗೇ ಇಳಿಸಿದ್ದರು. ಮೊದಲ ಸಾಲಿನಲ್ಲೇ ‘ಪ್ರತಿಷ್ಠಿತ’, ಎರಡನೆಯದರಲ್ಲಿ ‘ಜಿಲ್ಲೆಯ ಹೆಮ್ಮೆಯ’, ಮೂರನೆಯದರಲ್ಲಿ ‘ಸುಸಜ್ಜಿತ’. ಶುರುವಾದ ವರ್ಷ ಯಾವುದು, ಜಾಗ ಕೊಟ್ಟವರು ಯಾರು, ಮೊದಲ ವರ್ಷ ಎಷ್ಟು ಜನ ಮಕ್ಕಳಿದ್ದರು ಅನ್ನೋದು ಎಲ್ಲೂ ಇಲ್ಲ. ಅಡ್ಮಿಶನ್ ಯಾವಾಗ ಶುರು ಅನ್ನೋದು ಮಾತ್ರ ಫೋನ್ ನಂಬರ್ ಸಮೇತ ಇತ್ತು. ‘ಇದನ್ನು ನಾನಾಗಿದ್ದರೂ ತೆಗೆಯುತ್ತಿದ್ದೆ’ ಅಂದೆ. ಅವರಿಗೆ ಇಷ್ಟ ಆಗಲಿಲ್ಲ. ಆದರೂ ಟೀ ತರಿಸಿದರು, ಮಂಡಕ್ಕಿ ಮಿರ್ಚಿಯೂ ಬಂತು. ದಾವಣಗೆರೆಯಲ್ಲಿ ಜಗಳಕ್ಕೂ ಮಂಡಕ್ಕಿ ಬೇಕು.

ತಿನ್ನುತ್ತಾ ಸುಮ್ನೆ ಕೇಳಿದೆ, ‘ಹಳೇ ಫೋಟೋ ಏನಾದ್ರೂ ಇದೆಯಾ?’

ಆಫೀಸಿನ ಹಿಂದೆ ಒಂದು ಸಣ್ಣ ಕೋಣೆ. ಮುರಿದ ಬೆಂಚು, ಹಳೇ ಉತ್ತರ ಪತ್ರಿಕೆಯ ಕಟ್ಟು, ಮೂಲೆಯಲ್ಲಿ ಒಂದು ಕಬ್ಬಿಣದ ಬೀರು. ಕೀಲಿ ಯಾರ ಹತ್ತಿರ ಇದೆ ಅಂತ ಹುಡುಕುವುದರಲ್ಲಿ ಅರ್ಧ ಗಂಟೆ ಹೋಯಿತು. ಕೊನೆಗೆ ಅಟೆಂಡರ್ ಬಂದು, ಬಾಗಿಲಿನ ಕೆಳಗಿನ ಮೂಲೆಯನ್ನು ಮೊಣಕಾಲಿನಿಂದ ಒತ್ತಿ ಹಿಡಿಕೆ ಎತ್ತಿದರು. ತೆಗೆದುಕೊಂಡಿತು. ‘ಕೀಲಿ ಬ್ಯಾಡ ಸಾರ್ ಇದಕ್ಕೆ, ಟೆಕ್ನಿಕ್ ಬೇಕು’ ಅಂದರು.

ಒಳಗೆ ಕಟ್ಟು ಹಾಕಿಸಿದ ಹತ್ತು ಹನ್ನೆರಡು ಫೋಟೋ ಇದ್ದವು. ಮೇಲಿನದನ್ನು ಎತ್ತಿ ಒರೆಸಿದೆ. ಸಿಬ್ಬಂದಿಯ ಗ್ರೂಪ್ ಫೋಟೋ. ಮೂರು ಸಾಲು. ಕಪ್ಪು ಕೋಟು, ಕಚ್ಚೆ ಪಂಚೆ, ಒಬ್ಬರ ಕೈಯಲ್ಲಿ ಮಡಚಿದ ಕೊಡೆ. ಹೆಣ್ಣುಮಕ್ಕಳು ಇಬ್ಬರೇ, ಕೂತವರ ಸಾಲಿನ ಎಡತುದಿಯಲ್ಲಿ. ಹಿಂದೆ ಕಟ್ಟಡ, ಇನ್ನೂ ಗಾರೆ ಆಗಿಲ್ಲ, ಸಾರವೆ ಮರ ಕಾಣುತ್ತದೆ. ಕೆಳಗೆ ರಟ್ಟಿನ ಮೇಲೆ ಮಸಿಯಲ್ಲಿ ‘ಕುಳಿತವರು, ಎಡದಿಂದ’ ಅಂತ ಹೆಸರುಗಳು. ಬಲಮೂಲೆಯಲ್ಲಿ ಸ್ಟುಡಿಯೋದ ಉಬ್ಬು ಮುದ್ರೆ, ಬೆರಳಾಡಿಸಿದರೆ ತಿಳಿಯುತ್ತಿತ್ತು. ಗೆದ್ದಲೂ ಎಡದಿಂದಲೇ ಶುರು ಮಾಡಿತ್ತು. ಮೊದಲ ನಾಲ್ಕು ಹೆಸರು ಹೋಗಿದ್ದವು. ಮುಖಗಳು ಉಳಿದಿದ್ದವು. ಆ ಇಬ್ಬರು ಹೆಣ್ಣುಮಕ್ಕಳು ಯಾರು ಅಂತ ಆ ಕಟ್ಟಡದಲ್ಲಿದ್ದ ಒಬ್ಬರಿಗೂ ಗೊತ್ತಿರಲಿಲ್ಲ.

‘ಇದು ಯಾಕೆ ಸಾರ್, ಹಳೇದು. ಹೊಸ ಬ್ಲಾಕಿನದು ಡ್ರೋನ್ ಫೋಟೋ ಇದೆ, ಅದನ್ನ ಹಾಕಿ’ ಅಂದರು.

ಆ ಮಾತಿಗೆ ಅವತ್ತು ಸರಿಯಾಗಿ ಉತ್ತರ ಕೊಡಲು ಆಗಲಿಲ್ಲ. ಅದಕ್ಕೇ ಈ ಪತ್ರ. ಅವರೊಬ್ಬರಿಗೆ ಅಂತಲ್ಲ, ಅಂಥ ಬೀರು ನಿಮ್ಮೆಲ್ಲರ ಹತ್ತಿರವೂ ಇದೆ.

ನಾನು ಕೇಳುವುದು ಇಷ್ಟು. ನಿಮ್ಮ ಹತ್ತಿರ ಇರುವ ಫೋಟೋ ಮತ್ತು ಹಳೇ ದಾಖಲೆಗಳಲ್ಲಿ ಹಕ್ಕು ನಿಮ್ಮದೇ ಅಂತ ಖಚಿತ ಇರುವುದನ್ನು ಎಲ್ಲರೂ ಬಳಸುವಂತೆ ಬಿಟ್ಟುಕೊಡಿ. ನಿಮ್ಮ ಬಗ್ಗೆ ಲೇಖನ ಬರೆಯುವ ಕೆಲಸವನ್ನು ಬೇರೆಯವರಿಗೆ ಬಿಡಿ.

ವಿಕಿಪೀಡಿಯ ಏನು ಅಂತ ಹೆಚ್ಚು ಹೇಳಬೇಕಿಲ್ಲ. ಇಂಗ್ಲಿಷಿನಲ್ಲಿ 2001ರ ಜನವರಿಯಲ್ಲಿ ಶುರುವಾಯಿತು, ಕನ್ನಡದಲ್ಲಿ 2003ರಲ್ಲಿ. ಕನ್ನಡದಲ್ಲಿ ಈಗ 30 ಸಾವಿರಕ್ಕೂ ಜಾಸ್ತಿ ಲೇಖನಗಳಿವೆ. ಎಷ್ಟೋ ಲೇಖನ ಎರಡು ಪ್ಯಾರಾಕ್ಕೇ ನಿಂತಿವೆ. ನಾವು ಅವನ್ನು ಚುಟುಕು ಅನ್ನುತ್ತೇವೆ. ಜನಕ್ಕೆ ಜಾಸ್ತಿ ಗೊತ್ತಿಲ್ಲದ್ದು ವಿಕಿಮೀಡಿಯ ಕಾಮನ್ಸ್. 2004ರಲ್ಲಿ ಶುರುವಾದ ಫೋಟೋ ಕಣಜ ಅದು. ಅಲ್ಲಿಗೆ ಒಂದು ಸಲ ಫೋಟೋ ಹಾಕಿದರೆ ಕನ್ನಡ, ತೆಲುಗು, ಇಂಗ್ಲಿಷ್, ಜರ್ಮನ್, ಯಾವ ಭಾಷೆಯ ವಿಕಿಪೀಡಿಯದಲ್ಲಿ ಬೇಕಾದರೂ ಬಳಸಬಹುದು. ಸಂತೇಬೆನ್ನೂರಿನ ಪುಷ್ಕರಣಿಯದೊಂದು ಒಳ್ಳೇ ಫೋಟೋ ಇದ್ದರೆ ಅದನ್ನು ಹತ್ತು ಭಾಷೆಗೆ ಹತ್ತು ಸಲ ಹಾಕಬೇಕಿಲ್ಲ.

ನಿಮ್ಮ ಬೀರುವಿನಲ್ಲಿ ಏನಿರಬಹುದು ಅಂತ ಸ್ವಲ್ಪ ಯೋಚನೆ ಮಾಡಿ.

ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಅಂತ ಎಲ್ಲರೂ ಬರೆಯುತ್ತಾರೆ. ಶಾಲೆಯ ಮಗುವೂ ಬರೆಯುತ್ತದೆ. ಮಿಲ್ಲಿನ ಒಳಗೆ ಯಂತ್ರ ಓಡುವಾಗ ಹೇಗಿತ್ತು? ಪಾಳಿ ಬಿಟ್ಟಾಗ ಗೇಟಿನ ಮುಂದೆ ಸೈಕಲ್ಲು ಹೇಗೆ ನಿಂತಿರುತ್ತಿದ್ದವು? ಹತ್ತಿಯ ಅಂಡಿಗೆ ಹೊತ್ತ ಗಾಡಿಗಳ ಸಾಲು ಎಲ್ಲಿವರೆಗೆ ಇರುತ್ತಿತ್ತು? ಸೈರನ್ ಕೇಳಿ ಗಡಿಯಾರ ಸರಿಮಾಡಿಕೊಂಡವರು ಇನ್ನೂ ಇದ್ದಾರೆ. ಅವರು ಬಾಯಲ್ಲಿ ಹೇಳುತ್ತಾರೆ. ಅದನ್ನು ತೋರಿಸುವ ಫೋಟೋ ಯಾರದೋ ಕಾರ್ಮಿಕ ಸಂಘದ ಆಫೀಸಿನಲ್ಲೋ, ಮಾಲೀಕರ ಮನೆಯ ಅಟ್ಟದಲ್ಲೋ ಇರಲೇಬೇಕು.

ನಾಟಕದ ಕಂಪನಿಗಳ ಕಥೆಯೂ ಅದೇ. ಚಿಂದೋಡಿ ಮನೆತನದ ಕೆ.ಬಿ.ಆರ್. ಡ್ರಾಮಾ ಕಂಪನಿ, ಚಿಂದೋಡಿ ಲೀಲಾ ಅವರ ಹೆಸರು ಗೊತ್ತಿಲ್ಲದವರು ನಮ್ಮಲ್ಲಿ ಕಡಿಮೆ. ಕ್ಯಾಂಪ್ ಹಾಕಿದ ಊರೂರಲ್ಲೂ ಹ್ಯಾಂಡ್‌ಬಿಲ್ ಹಂಚಿದ್ದರಲ್ಲ, ಒಂದನ್ನಾದರೂ ಯಾರೋ ಪುಸ್ತಕದೊಳಗೆ ಇಟ್ಟಿರುತ್ತಾರೆ. ನಾಟಕದ ಹೆಸರು, ತಾರೀಖು, ಟಿಕೆಟ್ ದರ, ಪಾತ್ರಧಾರಿಗಳು, ಎಲ್ಲವೂ ಆ ಒಂದು ಬಣ್ಣದ ಕಾಗದದಲ್ಲಿರುತ್ತದೆ.

ಇನ್ನು ಉದ್ಘಾಟನೆಯ ಫೋಟೋಗಳು. ಎಸ್. ನಿಜಲಿಂಗಪ್ಪನವರು ಟೇಪು ಕತ್ತರಿಸುವ ಫೋಟೋ ಇಲ್ಲದ ಹಳೇ ಸಂಸ್ಥೆ ನಮ್ಮ ಎರಡು ಜಿಲ್ಲೆಗಳಲ್ಲಿ ಹುಡುಕಿದರೂ ಸಿಗುವುದು ಕಷ್ಟ ಅಂತ ನಾನು ತಮಾಷೆ ಮಾಡುತ್ತಿರುತ್ತೇನೆ. ನಿಮಗೆ ಅದು ಗೋಡೆಯ ಮೇಲಿನ ಅಲಂಕಾರ. ನನಗೆ ಅದರಲ್ಲಿ ಕಾಣುವುದು ಹಿಂದಿರುವ ರಸ್ತೆ, ರಸ್ತೆಯಲ್ಲಿ ನಿಂತ ಬಸ್ಸು, ಬಸ್ಸಿನ ಮೇಲೆ ಬರೆದ ಊರಿನ ಹೆಸರು.

ಕೆಲವು ಸಲ ಒಂದು ಹೆಸರೇ ದೊಡ್ಡ ವಿಷಯ. ದಾವಣಗೆರೆಯಲ್ಲಿ ಯುಬಿಡಿಟಿ ಎಂಜಿನಿಯರಿಂಗ್ ಕಾಲೇಜು ಇದೆ, 1951ರದ್ದು. ಅದರಲ್ಲಿ ಓದುವ ಹುಡುಗರನ್ನೇ ನಿಲ್ಲಿಸಿ ‘ಬಿಡಿಟಿ ಅಂದ್ರೆ ಏನಪ್ಪಾ’ ಅಂತ ಕೇಳಿ ನೋಡಿ. ಬ್ರಹ್ಮಪ್ಪ ದೇವೇಂದ್ರಪ್ಪ ತವನಪ್ಪನವರ ಅಂತ ಪೂರ್ತಿ ಹೇಳುವವರು ಎಷ್ಟು ಜನ ಸಿಗುತ್ತಾರೋ ನೋಡೋಣ. ದಾನ ಕೊಟ್ಟವರ ಹೆಸರು ಮೂರಕ್ಷರಕ್ಕೆ ಇಳಿಯಲು ಜಾಸ್ತಿ ಕಾಲ ಬೇಡ.

ಫೋಟೋ ಕೆಳಗಿನ ಬರಹ ಯಾಕೆ ಮುಖ್ಯ ಅನ್ನೋದಕ್ಕೆ ನಮ್ಮ ಜಿಲ್ಲೆಯೇ ಸಾಕ್ಷಿ. 1997ರ ಆಗಸ್ಟ್ 15ರವರೆಗೆ ದಾವಣಗೆರೆ ಚಿತ್ರದುರ್ಗ ಜಿಲ್ಲೆಯಲ್ಲಿತ್ತು. ಹೊಸ ಜಿಲ್ಲೆ ಆದಾಗ ಹೊನ್ನಾಳಿ, ಚನ್ನಗಿರಿ ಶಿವಮೊಗ್ಗದಿಂದ ಬಂದವು. ಹರಪನಹಳ್ಳಿ ಬಳ್ಳಾರಿಯಿಂದ ಬಂತು, 2018ರಲ್ಲಿ ಬಳ್ಳಾರಿಗೆ ವಾಪಸ್ ಹೋಯಿತು, 2021ರಲ್ಲಿ ವಿಜಯನಗರ ಜಿಲ್ಲೆಗೆ ಸೇರಿತು. ಒಂದೇ ತಾಲ್ಲೂಕು, ಇಪ್ಪತ್ತೈದು ವರ್ಷದೊಳಗೆ ಮೂರು ಜಿಲ್ಲೆ. ಈಗ ಹೇಳಿ, ಹಿಂಬದಿಯಲ್ಲಿ ‘ಚಿತ್ರದುರ್ಗ ಜಿಲ್ಲಾ ಮಟ್ಟದ ಕ್ರೀಡಾಕೂಟ’ ಅಂತಷ್ಟೇ ಬರೆದ ಫೋಟೋ ಸಿಕ್ಕರೆ ಅದು ಎಲ್ಲಿಯದು? ದಾವಣಗೆರೆಯದ್ದೂ ಆಗಬಹುದು, ಹರಿಹರದ್ದೂ ಆಗಬಹುದು, ಜಗಳೂರಿನದ್ದೂ ಆಗಬಹುದು. ಇಸವಿ ಗೊತ್ತಿದ್ದರೆ ಅರ್ಧ ಕೆಲಸ ಮುಗಿದ ಹಾಗೆ.

ಸರಿ, ಫೋಟೋ ಕೊಡಲು ಒಪ್ಪಿದಿರಿ ಅಂತ ಇಟ್ಟುಕೊಳ್ಳೋಣ. ತಲೆನೋವು ಇನ್ನು ಮುಂದೆ ಇದೆ. ಇದನ್ನು ನಾನು ಪೆಟ್ಟು ತಿಂದು ಕಲಿತಿದ್ದೇನೆ. ಹೊಸದರಲ್ಲಿ ಒಂದು ಸಂಸ್ಥೆಯ ವೆಬ್‌ಸೈಟಿನಿಂದ ಕಟ್ಟಡದ ಫೋಟೋ ಇಳಿಸಿಕೊಂಡೆ. ಕಾಮನ್ಸ್‌ನಲ್ಲಿ ‘ಇದು ನನ್ನ ಸ್ವಂತ ಕೆಲಸ’ ಅಂತ ಟಿಕ್ ಹಾಕಿ ಏರಿಸಿದೆ. ಪ್ರಿನ್ಸಿಪಾಲರು ಬಾಯಿಮಾತಿನಲ್ಲಿ ಹೂಂ ಅಂದಿದ್ದರು, ಸಾಕಲ್ವಾ ಅಂದುಕೊಂಡೆ. ಸಾಕಾಗಲಿಲ್ಲ. ಅನುಮತಿಯ ದಾಖಲೆ ಎಲ್ಲಿ ಅಂತ ಕೇಳಿ 7 ದಿನದ ಗಡುವಿನ ಚೀಟಿ ಅಂಟಿಸಿದರು. ನಾನು ಉದಾಸೀನ ಮಾಡಿದೆ. ಎಂಟನೇ ದಿನ ಫೋಟೋ ಇರಲಿಲ್ಲ. ಅವತ್ತು ನನಗೂ ಸಿಟ್ಟು ಬಂದಿತ್ತು. ಅಳಿಸಿದವರು ಯಾವುದೋ ದೇಶದವರು, ನಮ್ಮೂರ ಕಾಲೇಜಿನ ಮೇಲೆ ಇವರಿಗೇನು ಹಕ್ಕು ಅಂತ. ಆಮೇಲೆ ತಿಳಿಯಿತು, ಫೋಟೋ ತೆಗೆದವನಿಗೆ ಸೇರಿದ್ದನ್ನು ನಾನು ನನ್ನದು ಅಂದಿದ್ದೆ. ಅವರು ಹೇಳಿದ್ದೇ ಸರಿ.

ಹಾಗಾದರೆ ಹಕ್ಕು ಯಾರದು? ನಮ್ಮ ಕಾಪಿರೈಟ್ ಕಾಯ್ದೆ 1957ರದ್ದು. ಅದರ 17ನೇ ಸೆಕ್ಷನ್ ಇದನ್ನೇ ಹೇಳುತ್ತದೆ. ಮಾಮೂಲಾಗಿ ಹಕ್ಕು ಫೋಟೋ ತೆಗೆದವರದ್ದು. ದುಡ್ಡು ಕೊಟ್ಟು ತೆಗೆಸಿದ್ದಾದರೆ, ಬೇರೆ ಒಪ್ಪಂದ ಇಲ್ಲದಿದ್ದರೆ, ದುಡ್ಡು ಕೊಟ್ಟವರದ್ದು. ಸಂಬಳಕ್ಕಿರುವ ನೌಕರ ಕೆಲಸದ ಭಾಗವಾಗಿ ತೆಗೆದಿದ್ದು ಸಂಸ್ಥೆಯದ್ದು. ಅಂದರೆ ಸ್ಟುಡಿಯೋದವರನ್ನು ಕರೆಸಿ ಬಿಲ್ಲು ಕೊಟ್ಟು ತೆಗೆಸಿದ ವಾರ್ಷಿಕೋತ್ಸವದ ಫೋಟೋ ಬಹುತೇಕ ನಿಮ್ಮದೇ. ಬಿಲ್ಲು ಸಿಕ್ಕರೆ ಎತ್ತಿಡಿ. ಹಳೇ ವಿದ್ಯಾರ್ಥಿಯೊಬ್ಬ ಪ್ರೀತಿಯಿಂದ ಡ್ರೋನ್ ಹಾರಿಸಿ ಕೊಟ್ಟಿದ್ದರೆ ಅದು ಅವನದ್ದು, ಅವನನ್ನೇ ಕೇಳಬೇಕು. ವಾಟ್ಸಾಪ್ ಗ್ರೂಪಿನಲ್ಲಿ ಬಂದದ್ದು ಯಾರದ್ದು ಅಂತ ಆ ದೇವರಿಗೇ ಗೊತ್ತು, ಅದನ್ನು ಬಿಟ್ಟುಬಿಡಿ.

ಇನ್ನೊಂದು ಮಾತು. ಗೋಡೆಯಲ್ಲಿರುವ ಹಳೇ ಫೋಟೋಕ್ಕೆ ನಿಮ್ಮ ಮೊಬೈಲಿನಲ್ಲಿ ಕ್ಲಿಕ್ ಮಾಡಿದ ಮಾತ್ರಕ್ಕೆ ಅದು ನಿಮ್ಮ ಫೋಟೋ ಆಗುವುದಿಲ್ಲ. ಮೂಲ ಫೋಟೋದ ಹಕ್ಕೇ ಲೆಕ್ಕಕ್ಕೆ ಬರುತ್ತದೆ. ತುಂಬಾ ಹಳೆಯದಾದರೆ ಹಕ್ಕಿನ ಅವಧಿಯೇ ಮುಗಿದಿರಬಹುದು. ಆಗ ಯಾರ ಅನುಮತಿಯೂ ಬೇಡ. ಆದರೆ ಕಾಮನ್ಸ್‌ನವರು ನಮ್ಮ ದೇಶದ ಕಾನೂನಿನ ಜೊತೆ ಅಮೆರಿಕದ ಕಾನೂನನ್ನೂ ನೋಡುತ್ತಾರೆ. ಆ ಲೆಕ್ಕ ಸ್ವಲ್ಪ ಗೋಜಲು. ಅದನ್ನು ನನ್ನಂಥವರಿಗೆ ಬಿಡಿ, ನೀವು ಇಸವಿಯನ್ನಷ್ಟೇ ಹೇಳಿ.

ಹಕ್ಕು ನಿಮ್ಮದೇ ಅಂತ ಆದ ಮೇಲೆ ಒಂದು ಪತ್ರ ಬೇಕು. ಬಾಯಿಮಾತು ನಡೆಯುವುದಿಲ್ಲ. ಸಂಸ್ಥೆಯ ಅಧಿಕೃತ ಇಮೇಲ್‌ನಿಂದ, ಸಹಿ ಮಾಡುವ ಅಧಿಕಾರ ಇರುವವರು, ಯಾವ ಯಾವ ಫೋಟೋ ಅಂತ ಹೆಸರಿಸಿ, ಯಾವ ಪರವಾನಗಿ, ಅಂದರೆ ಯಾವ ಷರತ್ತಿನ ಮೇಲೆ ಬಳಸಬಹುದು ಅಂತ ಹೇಳಿ ಕಳಿಸಬೇಕು. ಅಲ್ಲಿಯ ಸ್ವಯಂಸೇವಕರ ತಂಡ ಅದನ್ನು ಓದಿ ಒಂದು ನಂಬರ್ ಕೊಡುತ್ತದೆ. ಆ ನಂಬರ್ ಫೋಟೋದ ಪುಟದಲ್ಲಿ ಉಳಿಯುತ್ತದೆ. ಇದು ಕಷ್ಟ ಅನ್ನಿಸಿದರೆ ಸುಲಭದ ದಾರಿಯೂ ಇದೆ. ನಿಮ್ಮದೇ ವೆಬ್‌ಸೈಟಿನಲ್ಲಿ ಆ ಫೋಟೋಗಳ ಕೆಳಗೆ ಪರವಾನಗಿಯ ಹೆಸರು ಸ್ಪಷ್ಟವಾಗಿ ಬರೆದುಬಿಡಿ.

ಈ ಹಂತದಲ್ಲಿ ಎಲ್ಲರೂ ಒಂದೇ ವಾಕ್ಯ ಬರೆಯುತ್ತಾರೆ: ‘ವಿಕಿಪೀಡಿಯದಲ್ಲಿ ಬಳಸಲು ಮಾತ್ರ ಅನುಮತಿಸಲಾಗಿದೆ.’ ದಯವಿಟ್ಟು ಆ ‘ಮಾತ್ರ’ ತೆಗೆಯಿರಿ. ಆ ಒಂದು ಪದ ಇದ್ದರೆ ಫೋಟೋ ನಿಲ್ಲುವುದಿಲ್ಲ. ‘ವಾಣಿಜ್ಯ ಬಳಕೆಗೆ ಇಲ್ಲ’ ಅಂದರೂ ನಿಲ್ಲುವುದಿಲ್ಲ. ಜಾಸ್ತಿ ಬಳಕೆಯಲ್ಲಿರುವುದು ಕ್ರಿಯೇಟಿವ್ ಕಾಮನ್ಸ್ ಅನ್ನುವ ಬೇರೊಂದು ಸಂಸ್ಥೆಯ ಸಿಸಿ ಬೈ-ಎಸ್‌ಎ 4.0 ಅನ್ನುವ ಪರವಾನಗಿ. ಯಾರು ಬೇಕಾದರೂ ಬಳಸಬಹುದು, ಬದಲಾಯಿಸಬಹುದು, ಮಾರಲೂಬಹುದು. ಆದರೆ ನಿಮ್ಮ ಹೆಸರು ಹಾಕಲೇಬೇಕು. ಬದಲಾಯಿಸಿ ಹಂಚಿದರೆ ಅದನ್ನೂ ಇದೇ ಪರವಾನಗಿಯಲ್ಲಿ ಬಿಡಬೇಕು. ಒಮ್ಮೆ ಕೊಟ್ಟ ಮೇಲೆ ಹಿಂದಕ್ಕೆ ತೆಗೆದುಕೊಳ್ಳಲು ಆಗುವುದಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ನನ್ನನ್ನು ಬೈಯಬೇಡಿ.

‘ಹಾಗಾದರೆ ಯಾರೋ ನಮ್ಮ ಫೋಟೋ ಹಾಕಿ ಕ್ಯಾಲೆಂಡರ್ ಮಾಡಿ ದುಡ್ಡು ಮಾಡ್ಕೊಂಡ್ರೆ?’ ಅಂತ ಒಬ್ಬ ಕಾರ್ಯದರ್ಶಿಗಳು ಕೇಳಿದರು. ಮಾಡಿಕೊಳ್ಳಲಿ. ಆ ಕ್ಯಾಲೆಂಡರಿನಲ್ಲೂ ಫೋಟೋ ಕೆಳಗೆ ನಿಮ್ಮ ಸಂಸ್ಥೆಯ ಹೆಸರು ಇರಬೇಕು. ಹಕ್ಕು ನಿಮ್ಮ ಹತ್ತಿರವೇ ಇರುತ್ತದೆ, ನೀವು ಕೊಡುತ್ತಿರುವುದು ಬಳಸುವ ಅನುಮತಿ. ನಿಜ ಹೇಳಬೇಕೆಂದರೆ ಆ ಕಾರ್ಯದರ್ಶಿಗಳ ಫೋಟೋಗಳಿಂದ ಇಲ್ಲಿವರೆಗೆ ದುಡ್ಡು ಮಾಡಿಕೊಂಡದ್ದು ಗೆದ್ದಲು ಔಷಧಿ ಮಾರುವವರು ಮಾತ್ರ.

ಹೆಸರು ಹಾಕುವುದು ನಮ್ಮ ಕಡೆ ಹೊಸದಲ್ಲ. ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನ ಇದೆ. 1892ರಲ್ಲಿ ಬಿ.ಎಲ್. ರೈಸ್ ಅದನ್ನು ಬೆಳಕಿಗೆ ತಂದರು. ಆಜ್ಞೆ ಚಕ್ರವರ್ತಿಯದ್ದು. ಆದರೆ ಕೊನೆಯಲ್ಲಿ ಅದನ್ನು ಬರೆದವನು ತನ್ನ ಹೆಸರನ್ನೂ ಹಾಕಿದ್ದಾನೆ, ಚಪಡ ಅಂತ. ಶಾಸನ ಬ್ರಾಹ್ಮಿ ಲಿಪಿಯಲ್ಲಿದೆ, ಕೊನೆಯಲ್ಲಿ ‘ಲಿಪಿಕಾರ’ ಅನ್ನುವ ಅರ್ಥದ ಪದ ಮಾತ್ರ ಖರೋಷ್ಠಿ ಅನ್ನುವ ಬೇರೆ ಲಿಪಿಯಲ್ಲಿದೆ. ಎರಡು ಸಾವಿರದ ಇನ್ನೂರು ವರ್ಷಕ್ಕೂ ಹಿಂದೆ ಒಬ್ಬ ಗುಮಾಸ್ತ ‘ಇದನ್ನು ಬರೆದವನು ನಾನು’ ಅಂತ ಬಂಡೆ ಮೇಲೆ ಹಾಕಿಸಿದ. ನಿಮ್ಮ ಗ್ರೂಪ್ ಫೋಟೋ ತೆಗೆದ ಸ್ಟುಡಿಯೋದ ಉಬ್ಬು ಮುದ್ರೆಯೂ ಅದೇ ಜಾತಿಯದ್ದು. ಹಕ್ಕು ನಿಮ್ಮದಾದರೂ ಆ ಹೆಸರನ್ನು ವಿವರಣೆಯಲ್ಲಿ ಬರೆಯಿರಿ.

ಈಗ ಲೇಖನದ ವಿಷಯ. ನಿಮ್ಮ ಬಗ್ಗೆ ನೀವೇ ಬರೆಯಬೇಡಿ ಅಂದಾಗ ಬೇಜಾರಾಗುವುದು ಸಹಜ. ‘ನಮ್ಮ ಸಂಸ್ಥೆ ಬಗ್ಗೆ ನಮಗಿಂತ ಜಾಸ್ತಿ ಯಾರಿಗೆ ಗೊತ್ತು?’ ಅನ್ನುತ್ತೀರಿ. ಗೊತ್ತಿರುವುದೇನೋ ನಿಜ. ಆದರೆ ಮದುವೆ ಗಂಡಿನ ಬಗ್ಗೆ ವಿಚಾರಿಸುವಾಗ ಅವರ ಅಪ್ಪನನ್ನೇ ಕೇಳಿ ಬರುತ್ತೇವಾ? ಅಕ್ಕಪಕ್ಕದ ಮನೆಯಲ್ಲಿ ಕೇಳುತ್ತೇವೆ. ವಿಕಿಪೀಡಿಯದ ಲೆಕ್ಕವೂ ಹಾಗೇ. ನಿಮಗೆ ಸಂಬಂಧ ಇಲ್ಲದವರು ನಿಮ್ಮ ಬಗ್ಗೆ ವಿವರವಾಗಿ ಬರೆದಿದ್ದಾರಾ, ಪತ್ರಿಕೆಯಲ್ಲಿ, ಗೆಜೆಟಿಯರ್‌ನಲ್ಲಿ, ಪುಸ್ತಕದಲ್ಲಿ? ಇದ್ದರೆ ಅದರ ಆಧಾರದ ಮೇಲೆ ಲೇಖನ ನಿಲ್ಲುತ್ತದೆ. ಇಲ್ಲದಿದ್ದರೆ ನಿಮ್ಮ ಸಂಸ್ಥೆ ಎಷ್ಟೇ ಒಳ್ಳೆಯದಾದರೂ ಲೇಖನಕ್ಕೆ ಇನ್ನೂ ಕಾಲ ಬಂದಿಲ್ಲ.

ಹಾಗಾದರೆ ನೀವು ಮಾಡಬಹುದಾದ್ದು ಏನು? ಪತ್ರಿಕೆಯ ಕತ್ತರಿಕೆಗಳ ಫೈಲು ಕೊಡಿ. ಬಹಳ ಕಡೆ ಅಂಥ ಫೈಲು ಇದೆ, ಆದರೆ ಸುದ್ದಿಯನ್ನು ಅಂದವಾಗಿ ಕತ್ತರಿಸುವ ಭರದಲ್ಲಿ ಪತ್ರಿಕೆಯ ಹೆಸರು, ತಾರೀಖು, ಪುಟ ಸಂಖ್ಯೆ ಎಲ್ಲ ಕತ್ತರಿಗೆ ಹೋಗಿರುತ್ತದೆ. ಇನ್ನು ಮುಂದಾದರೂ ಅಂಚಿನಲ್ಲಿ ಬರೆದಿಡಿ. ಬೆಳ್ಳಿಹಬ್ಬದ, ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗಳನ್ನು ಕೊಡಿ. ಅದರ ಮೊದಲ ಇಪ್ಪತ್ತು ಪುಟ ಶುಭಾಶಯ, ಕೊನೆಯ ನಲವತ್ತು ಪುಟ ಜಾಹೀರಾತು. ನಡುವೆ ಯಾರೋ ಹಳೇ ಮೇಷ್ಟ್ರು ಬರೆದ ಆರು ಪುಟದ ನೆನಪಿನಲ್ಲಿ ಚಿನ್ನ ಇರುತ್ತದೆ. ಹೊರಗಿನವರು ಬರೆದದ್ದಕ್ಕೆ ಇರುವ ತೂಕ ಇದಕ್ಕೆ ಸಿಗುವುದಿಲ್ಲ, ಆದರೂ ಇಸವಿ, ಸಂಖ್ಯೆ ಗೊತ್ತುಮಾಡಿಕೊಳ್ಳಲು ಬಳಕೆಗೆ ಬರುತ್ತದೆ. ಜಾಹೀರಾತನ್ನೂ ಹರಿಯಬೇಡಿ. ಆ ಕಾಲದಲ್ಲಿ ಊರಿನಲ್ಲಿ ಯಾವ ಅಂಗಡಿ ಎಲ್ಲಿತ್ತು ಅನ್ನೋದು ಗೊತ್ತಾಗುವುದೇ ಅದರಿಂದ.

ನಿಮ್ಮ ಬಗ್ಗೆ ಈಗಾಗಲೇ ಲೇಖನ ಇದ್ದು ಅದರಲ್ಲಿ ತಪ್ಪಿದ್ದರೆ, ಆ ಲೇಖನದ ಚರ್ಚೆ ಪುಟದಲ್ಲಿ ಬರೆಯಿರಿ. ‘ನಾನು ಈ ಸಂಸ್ಥೆಯ ನೌಕರ, ಇಸವಿ ತಪ್ಪಾಗಿದೆ, ಇಗೋ ಆಧಾರ’ ಅಂದರೆ ಯಾರಾದರೂ ತಿದ್ದುತ್ತಾರೆ. ಯಾರೂ ನೋಡದಿದ್ದರೆ ಕನ್ನಡ ವಿಕಿಪೀಡಿಯದಲ್ಲಿ ಅರಳಿ ಕಟ್ಟೆ ಅಂತ ಒಂದು ಪುಟ ಇದೆ, ಅಲ್ಲಿ ಕೂಗಿ. ಪಿ.ಆರ್.ಓ.ಗೆ ಸಂಬಳ ಕೊಟ್ಟು ಬರೆಸುತ್ತಿದ್ದರೆ ಆ ಮಾತನ್ನು ಅವರು ಹೇಳಿಕೊಳ್ಳಲೇಬೇಕು, ಬಳಕೆಯ ನಿಯಮದಲ್ಲೇ ಇದೆ. ಮುಚ್ಚಿಟ್ಟರೆ ಇವತ್ತಲ್ಲ ನಾಳೆ ಸಿಕ್ಕಿಬೀಳುತ್ತದೆ. ಪ್ರತಿ ತಿದ್ದುಪಡಿಯೂ ಇತಿಹಾಸದ ಪುಟದಲ್ಲಿ ದಾಖಲಾಗಿರುತ್ತದೆ.

ಬರೆಯುವ ಆಸೆ ಇರುವ ಮೇಷ್ಟ್ರುಗಳಿಗೆ ಕೆಲಸ ಬೇಕಾದಷ್ಟಿದೆ. ಸಂಸ್ಥೆ ಬಿಟ್ಟು ಊರಿನ ಬಗ್ಗೆ ಬರೆಯಲಿ. ಹರಿಹರದ ಹರಿಹರೇಶ್ವರ ದೇವಸ್ಥಾನ, ಆನೆಕೊಂಡದ ಗುಡಿ, ಚಂದ್ರವಳ್ಳಿ, ಸೂಳೆಕೆರೆ, ಮೊಳಕಾಲ್ಮೂರಿನ ರೇಷ್ಮೆ ಸೀರೆ ನೇಯುವ ಬಗೆ. ಸಸ್ಯಶಾಸ್ತ್ರದವರು ಜೋಗಿಮಟ್ಟಿಯ ಗಿಡಗಳ ಬಗ್ಗೆ ಬರೆಯಲಿ. ನಮ್ಮಲ್ಲೇ ಒಂದು ಒಳ್ಳೇ ಉದಾಹರಣೆ ಇದೆ: ಮೈಸೂರು ವಿಶ್ವವಿದ್ಯಾನಿಲಯ ತನ್ನ ಕನ್ನಡ ವಿಶ್ವಕೋಶದ ಬರಹಗಳನ್ನು ಮುಕ್ತ ಪರವಾನಗಿಯಲ್ಲಿ ಬಿಟ್ಟುಕೊಟ್ಟಿತು. ಅದರಿಂದ ಬಂದ ಎಷ್ಟೋ ಲೇಖನ ಇವತ್ತು ಕನ್ನಡ ವಿಕಿಪೀಡಿಯದಲ್ಲಿವೆ. ಅಷ್ಟು ದೊಡ್ಡ ಕೆಲಸ ನಿಮ್ಮಿಂದ ಕೇಳುತ್ತಿಲ್ಲ. ಹನ್ನೆರಡು ಫೋಟೋ ಕೇಳುತ್ತಿದ್ದೇನೆ.

ಏನು ಬೇಡ ಅನ್ನೋದನ್ನೂ ಹೇಳಬೇಕು. ಆಸ್ಪತ್ರೆಯವರು ರೋಗಿಗಳ ಫೋಟೋ ಕೊಡಬೇಡಿ, ಅದು ಹಕ್ಕಿನ ಪ್ರಶ್ನೆಗಿಂತ ಮೊದಲು ಮರ್ಯಾದೆಯ ಪ್ರಶ್ನೆ. ಈಗಿನ ಶಾಲಾ ಮಕ್ಕಳ ಮುಖ ಗುರುತು ಸಿಗುವಂಥದ್ದೂ ಬೇಡ. ಅಧ್ಯಕ್ಷರ ಹುಟ್ಟುಹಬ್ಬಕ್ಕೆ ಹಾರ ಹಾಕಿದ್ದು ಬೇಡ. ಲಾಂಛನದ ವಿಷಯದಲ್ಲಿ ಬೇರೆ ನಿಯಮಗಳಿವೆ, ಅವಸರಪಟ್ಟು ಹಾಕಬೇಡಿ. ಸಾರ್ವಜನಿಕ ಜಾಗದಲ್ಲಿ ಶಾಶ್ವತವಾಗಿ ನಿಂತಿರುವ ಕಟ್ಟಡ, ಪುತ್ಥಳಿಗಳ ಫೋಟೋ ತೆಗೆದು ಹಾಕಲು ನಮ್ಮ ಕಾಯ್ದೆಯಲ್ಲೇ ಅವಕಾಶ ಇದೆ. ಸಭಾಂಗಣದ ಗೋಡೆಯಲ್ಲಿ ಕಲಾವಿದರು ಬರೆದುಕೊಟ್ಟ ವರ್ಣಚಿತ್ರಕ್ಕೆ ಇಲ್ಲ, ಅದಕ್ಕೆ ಅವರನ್ನು ಕೇಳಬೇಕು.

ಸ್ಕ್ಯಾನ್ ಮಾಡುವುದು ಬ್ರಹ್ಮವಿದ್ಯೆಯೇನಲ್ಲ. ಕಟ್ಟು ಬಿಚ್ಚುವಾಗ ಫೋಟೋ ಗಾಜಿಗೆ ಅಂಟಿಕೊಂಡಿದ್ದರೆ ಎಳೆಯಬೇಡಿ, ಗಾಜಿನ ಸಮೇತ ಹಾಗೇ ಇರಲಿ. ಆಫೀಸಿನ ಮಾಮೂಲಿ ಸ್ಕ್ಯಾನರ್ ಸಾಕು, 600 ಡಿಪಿಐ ಇಡಿ. ರಟ್ಟಿನ ಮೇಲಿನ ಹೆಸರುಗಳನ್ನು ಬಿಟ್ಟು ಮುಖಗಳನ್ನು ಮಾತ್ರ ಕ್ರಾಪ್ ಮಾಡುವ ಚಾಳಿ ನಮ್ಮಲ್ಲಿ ಇದೆ, ಅದನ್ನು ಮಾಡಬೇಡಿ. ಹಿಂಬದಿಯನ್ನೂ ಸ್ಕ್ಯಾನ್ ಮಾಡಿ. ಪೆನ್ಸಿಲ್‌ನಲ್ಲಿ ಯಾರೋ ಏನೋ ಗೀಚಿರುತ್ತಾರೆ. ಬಣ್ಣ ತುಂಬುವ ಆ್ಯಪ್‌ನಲ್ಲಿ ಹಾಕಿ ಅಜ್ಜನ ಕೋಟಿಗೆ ನೀಲಿ ಬಣ್ಣ ಬಳಿಯಬೇಡಿ. ಮಧ್ಯದಲ್ಲಿ ಸಂಸ್ಥೆಯ ಹೆಸರನ್ನು ಅಡ್ಡಡ್ಡ ಅಚ್ಚು ಹಾಕಬೇಡಿ. ಕಳಿಸುವಾಗ ವಾಟ್ಸಾಪ್‌ನಲ್ಲಿ ಫೋಟೋ ಅಂತ ಕಳಿಸಿದರೆ ಅದು ಕುಗ್ಗಿ ಹಪ್ಪಳ ಆಗಿ ಬರುತ್ತದೆ, ಡಾಕ್ಯುಮೆಂಟ್ ಅಂತ ಕಳಿಸಿ, ಇಲ್ಲ ಪೆನ್‌ಡ್ರೈವ್‌ನಲ್ಲಿ ಕೊಡಿ. ಫೈಲಿಗೆ ‘ಸ್ಕ್ಯಾನ್ 0034’ ಅಂತ ಬಿಡದೆ ಊರು, ಸಂದರ್ಭ, ಇಸವಿ ಹಾಕಿ ಹೆಸರಿಡಿ. ಇಸವಿ ಖಚಿತ ಇಲ್ಲದಿದ್ದರೆ ‘ಸುಮಾರು’ ಅನ್ನಿ. ಊಹೆಯನ್ನು ಖಚಿತ ಅಂತ ಬರೆದರೆ ಅದು ಐದು ಭಾಷೆಯಲ್ಲಿ ಓಡಾಡಿಬಿಡುತ್ತದೆ, ಆಮೇಲೆ ಹಿಡಿಯಲು ಆಗುವುದಿಲ್ಲ.

ಹೆಸರು ಹುಡುಕುವುದು ಮಾತ್ರ ಅವಸರದ ಕೆಲಸ. ಆ ಗ್ರೂಪ್ ಫೋಟೋದ ಪ್ರಿಂಟ್ ಹಿಡಿದು ನಾನು ಮೂರು ಮನೆಗೆ ಹೋದೆ. ಪಿ.ಜೆ. ಬಡಾವಣೆಯಲ್ಲಿ ಎಂಬತ್ತು ದಾಟಿದ ಒಬ್ಬ ಮೇಡಂ ಇದ್ದಾರೆ, ಹಳೇ ವಿದ್ಯಾರ್ಥಿನಿ. ಭೂತಗನ್ನಡಿ ತರಿಸಿಕೊಂಡು ಎಡತುದಿಗೆ ಹಿಡಿದರು. ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ ‘ಇವರು ನಮಗೆ ಲೆಕ್ಕ ಹೇಳಿಕೊಡ್ತಿದ್ರು. ಸೈಕಲ್ ಮೇಲೆ ಬರ್ತಿದ್ರು, ಆ ಕಾಲಕ್ಕೆ’ ಅಂದರು. ಹೆಸರು ಹೇಳಿದರು. ಪಕ್ಕದವರ ಹೆಸರು ನೆನಪಾಗಲಿಲ್ಲ. ಮುಂದಿನ ವಾರ ಬಾ, ನೆನಪು ಮಾಡಿಕೊಳ್ತೀನಿ ಅಂದರು. ಎರಡು ಸಲ ಹೋಗಿ ಬಂದೆ, ಇನ್ನೂ ನೆನಪಾಗಿಲ್ಲ. ಒಬ್ಬರ ಹೆಸರಂತೂ ಸಿಕ್ಕಿದೆ.

ಎರಡೂ ಜಿಲ್ಲೆಗಳ ಆಡಳಿತಕ್ಕೂ, ವಿಶ್ವವಿದ್ಯಾನಿಲಯದವರಿಗೂ ಒಂದು ಮಾತು. ಹೊಸ ಜಿಲ್ಲೆ ಉದ್ಘಾಟನೆಯಾದ ದಿನದ ಫೋಟೋಗಳು, ಭದ್ರಾ ನಾಲೆಯ ಕೆಲಸದ ಫೋಟೋಗಳು, ಜಾತ್ರೆ, ಬರ, ನೆರೆ, ಇವೆಲ್ಲ ಸರ್ಕಾರಿ ದುಡ್ಡಿನಲ್ಲೇ ತೆಗೆಸಿದ್ದವು. ಇಂತಿಂಥ ಇಸವಿಯ ಫೋಟೋಗಳನ್ನು ಹೆಸರು ಹಾಕಿ ಯಾರು ಬೇಕಾದರೂ ಬಳಸಬಹುದು ಅಂತ ಒಂದು ಪುಟದ ಆದೇಶ ಹೊರಡಿಸಿದರೆ ಮೇಲೆ ಹೇಳಿದ ಅರ್ಧ ತಲೆನೋವು ಇಲ್ಲ. ವಿಶ್ವವಿದ್ಯಾನಿಲಯದವರು ಪತ್ರಿಕೋದ್ಯಮದ ಮಕ್ಕಳಿಗೆ ಒಂದು ಪ್ರಾಜೆಕ್ಟ್ ಕೊಡಲಿ: ತಲಾ ಒಂದು ಸಂಸ್ಥೆ, ಒಂದು ಬೀರು, ಹತ್ತು ಫೋಟೋ, ಹತ್ತಕ್ಕೂ ಸರಿಯಾದ ವಿವರಣೆ. ‘ನನ್ನ ನೆಚ್ಚಿನ ಸಾಧಕ’ ಅಂತ ಬರೆಸುವುದಕ್ಕಿಂತ ಜಾಸ್ತಿ ಕಲಿಯುತ್ತಾರೆ.

ನನ್ನ ಕಡೆಯಿಂದ ಸ್ಕ್ಯಾನರ್ ಇದೆ, ಬಿಡುವು ಇದೆ, ಸ್ಕೂಟರ್ ಇದೆ. ಮಧ್ಯಾಹ್ನ ಎರಡರಿಂದ ಐದರವರೆಗೆ ಕೂತರೆ ಇಪ್ಪತ್ತು ಫೋಟೋ ಮುಗಿಯುತ್ತವೆ. ನಿಮ್ಮ ಕಡೆಯಿಂದ ಒಂದು ಮೇಜು, ಒಂದು ಪ್ಲಗ್ ಪಾಯಿಂಟ್ ಬೇಕು. ಸಂಸ್ಥೆಯಲ್ಲಿ ಇಪ್ಪತ್ತು ವರ್ಷಕ್ಕಿಂತ ಹೆಚ್ಚು ಕೆಲಸ ಮಾಡಿದ ಒಬ್ಬರು ಪಕ್ಕದಲ್ಲಿ ಕೂರಬೇಕು. ಅಟೆಂಡರ್ ಆದರೆ ಇನ್ನೂ ಒಳ್ಳೆಯದು, ಅವರಿಗೆ ಹೆಸರುಗಳು ನೆನಪಿರುತ್ತವೆ, ಬೀರು ತೆಗೆಯುವ ಟೆಕ್ನಿಕ್ಕೂ ಗೊತ್ತಿರುತ್ತದೆ.

ಇಂತಿ,
ನಿಮ್ಮ ಊರಿನ ಒಬ್ಬ ನಿವೃತ್ತ ಗ್ರಂಥಪಾಲಕ
ದಾವಣಗೆರೆ

ಮರೆತಿದ್ದೆ. ಹಿರಿಯೂರಿನವರಿಗೆ ಒಂದು ವಿಶೇಷ ಕೋರಿಕೆ. 1907ರಲ್ಲಿ ಕಟ್ಟಿ ಮುಗಿದ ವಾಣಿ ವಿಲಾಸ ಸಾಗರ 1933ರಲ್ಲಿ ಕೋಡಿ ಬಿದ್ದಿತ್ತು. ಮತ್ತೆ ಬಿದ್ದದ್ದು 89 ವರ್ಷ ಆದ ಮೇಲೆ, 2022ರ ಸೆಪ್ಟೆಂಬರಿನಲ್ಲಿ. ಆವತ್ತು ಊರಿಗೆ ಊರೇ ಮೊಬೈಲ್ ಹಿಡಿದು ಹೋಗಿತ್ತು. ಸ್ಟೇಟಸ್ ಹಾಕಿದ್ದು 24 ಗಂಟೆಗೆ ಹೋಯಿತು. ಗ್ಯಾಲರಿಯಲ್ಲಿ ಇನ್ನೂ ಇದ್ದರೆ, ನೀವೇ ತೆಗೆದದ್ದಾದರೆ, ಫೋನ್ ಬದಲಾಯಿಸುವ ಮೊದಲು ಕಾಮನ್ಸ್‌ಗೆ ಹಾಕಿ. ಇನ್ನು 1933ರ ಕೋಡಿಯ ಫೋಟೋ ಯಾರ ಮನೆಯಲ್ಲಾದರೂ ಇದ್ದರೆ ನೀವು ಬರುವುದು ಬೇಡ, ನಾನೇ ಸ್ಕ್ಯಾನರ್ ತರುತ್ತೇನೆ.